ಇನ್ನೊಂದು ಬೀಗದ ಕೈ

ನಮಗೆ ಕುಟುಂಬ ಕಾನೂನು ಕಲಿಸಿದ ಮೇಡಂ ತರಗತಿಗೆ ಬರುವ ಮೊದಲೇ ಅವರ ಸೊಂಟದ ಬೀಗದ ಕೈ ಗೊಂಚಲಿನ ಸದ್ದು ಬರುತ್ತಿತ್ತು. ಗಂಡನ ಮನೆಯಲ್ಲಿ ಹೆಂಡತಿಗಿರುವ ವಾಸದ ಹಕ್ಕಿನ ಬಗ್ಗೆ ಅವರು ಬರೆದ ದಪ್ಪ ಪುಸ್ತಕವನ್ನು ವಕೀಲರು ಕೋರ್ಟಿನಲ್ಲಿ ಓದಿ ಹೇಳುತ್ತಿದ್ದರು. ಮೇಡಂ ಮಾತ್ರ ಯಾವ ತೀರ್ಪು ಓದಿದರೂ ಕೊನೆಗೆ ಗೊಂಚಲನ್ನು ಮೇಜಿನ ಮೇಲಿಟ್ಟು ಒಂದೇ ಪ್ರಶ್ನೆ ಕೇಳುವರು: "ಅದೆಲ್ಲ ಸರಿ, ಬೀಗದ ಕೈ ಯಾರ ಹತ್ರ ಇದೆ?"

ಶಿಷ್ಯೆಯರ ಮದುವೆಗೆ ಅವರ ಉಡುಗೊರೆಯೂ ಅದೇ. ಗಂಡನ ಮನೆಯ ಬೀಗದ ಕೈ ಕೇಳಿ ಪಡೆದು, ರಾಬರ್ಟ್‌ಸನ್‌ಪೇಟೆಯ ಬೀಗದಂಗಡಿಯಲ್ಲಿ ಅದರಂಥದೇ ಇನ್ನೊಂದು ಮಾಡಿಸಿ, ಮದುಮಗಳ ಕೈಗೆ ಕೊಡುವುದು.

ನನ್ನ ಮದುವೆಯ ಮಾರನೆಯ ದಿನ ಮೇಡಂ ಬಂಗಾರಪೇಟೆ ಹತ್ತಿರದ ನಮ್ಮತ್ತೆ ಮನೆಗೂ ಬಂದರು. ಕಾಫಿ ಕುಡಿದು ಮುಗಿಸಿ, ಬೀಗದ ಕೈ ಕೇಳಿ ಕೈ ಚಾಚಿದರು. ಮಾವ ಜೇಬು ಮುಟ್ಟಿಕೊಂಡು, "ಮನೇಲಿ ಯಾವಾಗ್ಲೂ ಯಾರಾನಾ ಇರ್ತಾರೆ ಕಣಮ್ಮ, ಇವಳ್ಗೆ ಯಾಕೆ?" ಎಂದರು. ನನ್ನ ಗಂಡ ನೆಲ ನೋಡಿದ. ಕಾಲಿಟ್ಟ ಮರುದಿನವೇ ಮನೆಗೆ ಜಗಳ ತಂದೆನಲ್ಲ ಎಂದುಕೊಂಡು ನಾನು ಕಾಫಿ ಲೋಟ ಎತ್ತತೊಡಗಿದೆ.

ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ಅತ್ತೆ ಆಗ ಬಾಯಿ ಬಿಟ್ಟರು: "ಎರಡ್ ಮಾಡ್ಸಮ್ಮ. ನಾನು ಈ ಮನೆಗೆ ಬಂದು ಮೂವತ್ತೊರ್ಸ ಆಯ್ತು, ನನ್ನತ್ರಾನೂ ಇಲ್ಲ."

ಮಾವ ಜೇಬಿನಿಂದ ಬೀಗದ ಕೈ ತೆಗೆದು ಕೊಟ್ಟರು. ಮೇಡಂ ಜೋರಾಗಿ ನಕ್ಕು, ಅತ್ತೆಯನ್ನೂ ಆಟೋ ಹತ್ತಿಸಿಕೊಂಡು ಪೇಟೆಗೆ ಹೋದರು.

ಈಗಲೂ ಅತ್ತೆ ಡೇರಿಗೆ ಹಾಲು ಹಾಕಿ ಬಂದಾಗ, ನಾವೆಲ್ಲ ಒಳಗಿದ್ದರೂ, ಹೊರಗಿನಿಂದ ಮೊದಲು ಬೀಗ ಹಾಕುತ್ತಾರೆ. ಆಮೇಲೆ ತಮ್ಮ ಕೈಯಾರೆ ಅದನ್ನು ತೆಗೆದು ಒಳಗೆ ಬರುತ್ತಾರೆ.