ಕೊಂಡಿ ಹಾಕುವ ಹೊತ್ತಿಗೆ ಮಾಸುಮಬಿ ಓದಿದ ಗ್ರೀಕ್ ಕಥೆ

ಗಜೇಂದ್ರಗಡದ ನೇಕಾರರ ಮನೆಗಳಲ್ಲಿ ಮಗ್ಗದ ಸದ್ದು ನಿಲ್ಲುವ ಹೊತ್ತೊಂದಿದೆ. ಸೀರೆಯ ಒಡಲಿನ ಎಳೆಗಳಿಗೆ ಸೆರಗಿನ ಎಳೆಗಳನ್ನು ಒಂದೊಂದಾಗಿ ಕುಣಿಕೆ ಹಾಕಿ ಕೂಡಿಸುವ ಹೊತ್ತು ಅದು. ಇದಕ್ಕೆ ಕೊಂಡಿ ಹಾಕುವುದು ಎನ್ನುತ್ತಾರೆ. ಹೆಂಗಸರು ಎದುರುಬದುರು ಕೂತು ಮಾಡುವ ಕೆಲಸ. ಕೈಗೆ ಬಿಡುವಿಲ್ಲ, ಕಿವಿಗೆ ಬಿಡುವು. ಶಿವಬಸವ್ವನ ಮನೆಯಲ್ಲಿ ಆಗ ಒಬ್ಬರು ಗಟ್ಟಿಯಾಗಿ ಓದುವ, ಓದುವವರ ಪಾಲಿನ ಕೊಂಡಿಯನ್ನು ಉಳಿದವರು ಹಾಕುವ ಪದ್ಧತಿಯಿತ್ತು. ನಾನು ಕಂಡ ವರ್ಷಗಳಲ್ಲಿ ಓದುತ್ತಿದ್ದವಳು ಮಾಸುಮಬಿ.

ಅವಳು ಕನ್ನಡ ಶಾಲೆಯಲ್ಲಿ ಹತ್ತನೆಯ ಇಯತ್ತೆಯವರೆಗೆ ಕಲಿತವಳು. ಶ್ರಾವಣದಲ್ಲಿ ಪುರಾಣವನ್ನೂ ಅವಳೇ ಓದುತ್ತಿದ್ದಳು. ಅದು ಯಾರಿಗೂ ವಿಚಿತ್ರವೆನಿಸಿರಲಿಲ್ಲ. ಪುರಾಣಕ್ಕೆ ಅಲ್ಲೊಂದು ನಿಯಮ: ಸಾವು ಸಂಕಟದ ಕಡೆ ಪುಸ್ತಕ ಮುಚ್ಚಬಾರದು, ಒಳ್ಳೆಯ ಮಾತು ಬರುವತನಕ ಓದಿ ನಿಲ್ಲಿಸಬೇಕು. ಇಲ್ಲವಾದರೆ ಆ ಸಂಕಟ ಓದಿದವರ ಮನೆಗೆ ಬರುತ್ತದಂತೆ. ಇಂಥ ನಂಬಿಕೆಗಳಲ್ಲಿ ನನಗೆ ಆಸಕ್ತಿಯಿಲ್ಲ. ಮುಂದಿನದು ತಿಳಿಯಲು ಹೇಳಬೇಕಾಗಿದೆ.

ಅವಳ ಗಂಡ ಟಿಪ್ಪುಸಾಬ ಗ್ರೀಸ್ ದೇಶದಲ್ಲಿದ್ದ. ಮುಂಬಯಿಯಿಂದ ಹಡಗಿನ ಕೆಲಸಕ್ಕೆ ಹೋದವನು ಪಿರೇಯಸ್ ಬಂದರಿನಲ್ಲಿ ಇಳಿದು ಮತ್ತೆ ಹಡಗು ಹತ್ತಲಿಲ್ಲ. ಒಲಿಂಪಿಕ್ಸ್‌ಗಾಗಿ ಅಥೆನ್ಸಿನಲ್ಲಿ ಕಟ್ಟಡಗಳು ಏಳುತ್ತಿದ್ದಾಗ ಅವನಂಥವರ ಕಾಗದಪತ್ರ ಯಾರೂ ಕೇಳಲಿಲ್ಲ. ಆಟ ಮುಗಿದ ಮೇಲೆ ಎಲ್ಲರೂ ಕೇಳತೊಡಗಿದರು. ಮರುವರ್ಷ ಅಲ್ಲಿಯ ಸರ್ಕಾರ ಹಳಬರಿಗೆ ಪರವಾನಗಿ ಕೊಡುವುದಾಗಿ ಹೇಳಿತು. ಅವನು ಕಾಯುತ್ತಿದ್ದ. ಅದಿಲ್ಲದೆ ಊರಿಗೆ ಬಂದರೆ ಮತ್ತೆ ಒಳಗೆ ಬಿಡುವುದಿಲ್ಲ. ಬರಲೋ ಇರಲೋ ಎಂದು ಶುಕ್ರವಾರದ ಫೋನಿನಲ್ಲಿ ಹೆಂಡತಿಯನ್ನೇ ಕೇಳುತ್ತಿದ್ದ. ಅವಳು ಮಳೆಯ, ಮಗ್ಗದ ಮಾತು ತೆಗೆಯುತ್ತಿದ್ದಳು.

ನಾನಾಗ ರೋಣದಲ್ಲಿ ಕೂತು ಇಂಗ್ಲಿಷಿನ ಮೂಲಕ ಒಂದು ಗ್ರೀಕ್ ಕಾದಂಬರಿಯನ್ನು ಕನ್ನಡಕ್ಕೆ ತಂದಿದ್ದೆ. ಗಂಡನಿರುವ ದೇಶದ ಕಥೆಯೆಂದು ಮಾಸುಮಬಿ ಹಾಳೆಗಳನ್ನು ಕೇಳಿದಳು. ಒಂದು ಶಬ್ದವನ್ನೂ ಬದಲಿಸಬಾರದೆಂದು ಹೇಳಿ ಕೊಟ್ಟೆ.

ಕಥೆಯ ನಾಯಕ ಸ್ತಾವ್ರೋಸ. ಅವನ ಹೆತ್ತವರು ತುರ್ಕಿಯಿಂದ ಗ್ರೀಸಿಗೆ ಓಡಿಬಂದ ಕ್ರೈಸ್ತರು. ಹೊಸ ಊರಿನ ಕ್ರೈಸ್ತರು ಅವರನ್ನು ತುರುಕರೆಂದೇ ಕರೆದರು.

“ಕ್ರಿಸ್ತಾನರಿಗೆ ತುರುಕರು ಅಂತಾರ?” ಎಂದಳು ಪಕ್ಕದ ಮನೆಯ ಹೊನ್ನವ್ವ. ಅವಳ ಬಾಯಿ ಜೋರು.

“ನೀ ನನಗ ಅನ್ನೂದಿಲ್ಲೇನು? ನಾನೂ ಇದ ಊರಾಗ ಹುಟ್ಟೀನಿ” ಎಂದಳು ಮಾಸುಮಬಿ.

“ನಾ ಪ್ರೀತಿಲೆ ಅಂತೀನಿ.”

“ಅವರೂ ಹಂಗ ಅಂದಿರಬೇಕು ತಗೋ.”

ಎಲ್ಲರೂ ನಕ್ಕರು, ಹೊನ್ನವ್ವನೂ.

ಮುಂದೆ ಸೈನ್ಯ ಅಧಿಕಾರ ಹಿಡಿಯುತ್ತದೆ. ತಂಬಾಕು ಕಾರ್ಮಿಕರ ಸಂಘದವನಾದ ಸ್ತಾವ್ರೋಸನನ್ನು ಒಂದು ಬೋಳು ದ್ವೀಪಕ್ಕೆ ಸಾಗಿಸುತ್ತಾರೆ. ಸಂಘವನ್ನು ತೊರೆದೆನೆಂದು ಸಹಿ ಮಾಡಿದರೆ ಬಿಡುಗಡೆ. ಅವನು ಮಾಡುವುದಿಲ್ಲ. ಹೆಂಡತಿ ಲೆನಿ ಕಾಯುತ್ತಾಳೆ. ಕೊಂಡಿಯವರ ಬಾಯಲ್ಲಿ ಅವಳು ಲೇನವ್ವ ಆಗಿದ್ದಳು.

“ಒಂದು ಸಹಿ ಒಗದು ಮನಿಗೆ ಬರಬಾರದ ಆ ಭಾಡ್ಯಾ?”

“ಸಂಗಡಿಗರನ್ನ ಬಿಟ್ಟೆ ಅಂತ ಬರಕೊಡಬೇಕು, ಹೊನ್ನವ್ವ.”

“ಲೇನವ್ವನ್ನ ಬಿಟ್ಟರ ನಡೀತೈತೇನು?”

ಮಾಸುಮಬಿ ಹಾಳೆ ತಿರುವಿದಳು.

ಕೊನೆಯ ಭಾಗದ ದಿನ ಹಸ್ತಪ್ರತಿ ಒಯ್ಯಲು ನಾನೂ ಹೋಗಿದ್ದೆ. ಮಾಸುಮಬಿ ಅದನ್ನು ಮೊದಲೇ ಮನೆಯಲ್ಲಿ ಓದಿಕೊಂಡಿದ್ದಳು. ಅವಳ ಮುಖ ನೋಡಿಯೇ ಹೊನ್ನವ್ವನಿಗೆ ಗೊತ್ತಾಯಿತು.

“ಅವ ಬರೂದಿಲ್ಲ, ಹೌದಿಲ್ಲೋ? ಬಂದ ಅಂತ ಓದಿಬಿಡು. ನಿನ್ನ ಗಂಡ ಅದ ದೇಶದಾಗ ಅದಾನ, ಖಬರ್ ಐತಿಲ್ಲೋ? ಅಕ್ಕೋರ ಏನೂ ಅನ್ನೂದಿಲ್ಲ. ಅಂತೀರೇನ್ರಿ?” ಎಂದು ನನ್ನ ಕಡೆ ತಿರುಗಿದಳು.

“ಅಂತೀನಿ” ಎಂದೆ.

ಮಾಸುಮಬಿ ನನ್ನನ್ನೂ ನೋಡಲಿಲ್ಲ, ಹೊನ್ನವ್ವನನ್ನೂ ನೋಡಲಿಲ್ಲ. ಇದ್ದದ್ದನ್ನು ಇದ್ದಂತೆ ಓದಿದಳು. ಸ್ತಾವ್ರೋಸ ದ್ವೀಪದಲ್ಲಿ ಸತ್ತ. ಪೊಲೀಸನೊಬ್ಬ ಅವನ ಕೋಟನ್ನು ತಂದು ಲೆನಿಯ ಬಾಗಿಲಲ್ಲಿ ಕೊಟ್ಟ. ಕೊಂಡಿ ಹಾಕುವ ಕೈಗಳು ನಿಂತವು. ಅಲ್ಲಿಗೆ ಕಥೆ ಮುಗಿಯಿತು. ಓದಿ ನಿಲ್ಲಿಸಲು ಮುಂದೆ ಒಳ್ಳೆಯ ಮಾತೇ ಇರಲಿಲ್ಲ.

ಮಾಸುಮಬಿ ಹಾಳೆಗಳನ್ನು ಕಟ್ಟಲಿಲ್ಲ. ಕಟ್ಟಿನ ಮೇಲಿನ ಮೊದಲ ಹಾಳೆ ಎತ್ತಿಕೊಂಡು ಮತ್ತೆ ಓದತೊಡಗಿದಳು. ಕಥೆ ತೊಡಗುವುದೇ ಸ್ತಾವ್ರೋಸನ ಮದುವೆಯ ದಿನ. ಗೆಳೆಯನಿಂದ ಕೇಳಿ ತಂದ ಬೂಟು ಕಾಲಿಗೆ ದೊಡ್ಡದಾಗಿ, ಕುಣಿಯುವಾಗ ಒಂದು ಹಾರಿಹೋಗುತ್ತದೆ, ಲೆನಿ ಉಸಿರುಗಟ್ಟಿ ಕೆಮ್ಮುವಷ್ಟು ನಗುತ್ತಾಳೆ. ಆ ನಗುವಿನ ತನಕ ಓದಿ ನಿಲ್ಲಿಸಿದಳು.

“ಈಗ ಮುಚ್ಚು” ಎಂದಳು ಶಿವಬಸವ್ವ.

ನಿಯಮವೂ ಉಳಿಯಿತು, ಪುಸ್ತಕವೂ ಉಳಿಯಿತು. ಕಾಲೇಜಿನಲ್ಲಿ ಬಹಳ ವರ್ಷ ಸಾಹಿತ್ಯ ಕಲಿಸಿದ್ದೇನೆ. ಪುಸ್ತಕವನ್ನು ಇಷ್ಟು ಗೌರವದಿಂದ ನಡೆಸಿಕೊಂಡವರನ್ನು ಹೆಚ್ಚು ಕಂಡಿಲ್ಲ.

ಆ ಶುಕ್ರವಾರ ಬಂದ ಫೋನಿನ ಮಾತನ್ನು ಅವಳೇ ಆಮೇಲೆ ಹೇಳಿದಳು. ವಾರವಾರ ಗಂಡನಿಗೂ ಕಥೆಯನ್ನು ಒಂದಿಷ್ಟು ಹೇಳುತ್ತ ಬಂದಿದ್ದಳು. ಅವನು ಮೊದಲು ಕೇಳಿದ್ದೇ, ಆ ಮನುಷ್ಯ ಮನೆಗೆ ಬಂದನೇ ಎಂದು.

“ಇಲ್ಲ, ಅಲ್ಲೇ ಸತ್ತ ಅಂದೆರಿ. ನಾ ಏನು ಮಾಡ್ಲಿ ಅಂದ್ರು. ನೀವು ಬರ್ರಿ ಅಂದೆ.”

ಟಿಪ್ಪುಸಾಬ ಪರವಾನಗಿಗೆ ಕಾಯದೆ ಬಂದ. ಈಗ ಗಜೇಂದ್ರಗಡ, ನರಗುಂದಗಳಲ್ಲಿ ಮನೆಗಳಿಗೆ ಬಣ್ಣ ಹಚ್ಚುತ್ತಾನೆ. ಕೆಲಸವಿಲ್ಲದ ದಿನ ಶಿವಬಸವ್ವನ ಕಟ್ಟೆಯ ಮೇಲೆ ಕೂತು ಒಳಗಿನ ಓದು ಕೇಳುತ್ತಾನೆ. ನಮ್ಮ ಲೇನವ್ವನ ಗಂಡ ತಿರುಗಿ ಬಂದ ಎಂದು ಹೊನ್ನವ್ವ ಕಂಡವರಿಗೆಲ್ಲ ಹೇಳುತ್ತಾಳೆ.

“ಲೇನವ್ವನ ಗಂಡ ಬರಲಿಲ್ಲ” ಎಂದು ಮಾಸುಮಬಿ ಪ್ರತಿ ಸಲವೂ ತಿದ್ದುತ್ತಾಳೆ. “ನನ್ನ ಗಂಡ ಬಂದ.”