ಸುರುಳಿ ಸೀಯಿಸಿದ್ದು ಯಾರು?

ಆ ಬೀದಿಯಲ್ಲಿ ಹಾಲಿನವನಿಂದ ಹಿಡಿದು ಶಾಲೆಯ ಮೇಷ್ಟರವರೆಗೆ ಎಲ್ಲರೂ ಬೇಕರಿಯ ಯಜಮಾನಿಯನ್ನು ಕರೆಯುವುದು 'ಅತ್ತಿಗೆ' ಎಂದೇ. ಅವಳು ಮದುವೆಯಾಗಿ ಬಂದ ಹೊಸತರಲ್ಲಿ ಗಂಡನ ಪುಟ್ಟ ತಂಗಿ ಹಿಂದೆ ಮುಂದೆ ಸುತ್ತುತ್ತ, 'ಅತ್ತಿಗೆ, ಅತ್ತಿಗೆ' ಎಂದು ಬೀದಿಗೆಲ್ಲ ಕೇಳುವಂತೆ ಕೂಗುತ್ತಿದ್ದಳು. ಬೀದಿಯೂ ಅದನ್ನೇ ಕಲಿತುಕೊಂಡಿತು. ತಮಾಷೆಯೆಂದರೆ, ಈಗ ಒಂದು ವರ್ಷದಿಂದ ಹಾಗೆ ಕರೆಯದೆ ಇರುವವಳು ಆ ನಾದಿನಿ ಒಬ್ಬಳೇ.

ಆ ಊರಿನ ಕಾಲಕ್ಕೆ ಒಂದು ಚಾಳಿಯಿದೆ. ವರ್ಷ ಬದಲಾಗುವ ದಿನ ಮಧ್ಯಾಹ್ನ ಗೋಪುರದ ಗಡಿಯಾರ ತಾನಾಗಿಯೇ ಒಂದು ಗಳಿಗೆ ನಿಂತುಬಿಡುತ್ತದೆ. ಬೇರೆಯವರಾಗಿದ್ದರೆ ರಿಪೇರಿ ಮಾಡಿಸುತ್ತಿದ್ದರೋ ಏನೋ, ಇವರು ಹಬ್ಬ ಮಾಡಿಕೊಂಡರು. ಹಬ್ಬಕ್ಕೆ ಗಳಿಗೆಸುರುಳಿ ಆಗಲೇಬೇಕು. ಬೆಣ್ಣೆ, ಜೇನು ಹಾಕಿ, ಬಸವನಹುಳುವಿನ ಚಿಪ್ಪಿನ ಹಾಗೆ ಸುತ್ತಿ ಬೇಯಿಸಿದ ಸಿಹಿತಿಂಡಿ ಅದು. ಹಿಟ್ಟನ್ನು ಮಾತ್ರ ತಿನ್ನುವವರೇ ಬೇಕರಿಗೆ ಬಂದು ನಾದಬೇಕು. ನಾದುವಾಗ ಮನಸ್ಸಿನಲ್ಲಿ ಹಳೆಯ ಯಾವ ಗಳಿಗೆ ಇರುತ್ತದೋ ಅದು ಹಿಟ್ಟಿಗೆ ಇಳಿಯುತ್ತದೆ. ಗಡಿಯಾರ ನಿಂತಾಗ ಇಬ್ಬರು ಸೇರಿ ಒಂದು ಸುರುಳಿಯನ್ನು ಮುರಿದು ತಿಂದರೆ, ಇಬ್ಬರೂ ಆ ಗಳಿಗೆಗೆ ಹೋಗಿ ಎಲ್ಲವನ್ನೂ ನೋಡಿ, ಕೇಳಿ ಬರಬಹುದು. ಬದಲಾಯಿಸುವ ಹಾಗಿಲ್ಲ. ಒಬ್ಬರೇ ತಿಂದರೆ ಅದು ಬರೀ ತಿಂಡಿ.

ಸುರುಳಿ ಸುತ್ತುವುದಕ್ಕೂ ಇಬ್ಬರು ಬೇಕು. ನಾದಿನಿ ತುದಿ ಹಿಡಿಯುತ್ತಾಳೆ, ಅತ್ತಿಗೆ ಎಳೆದೆಳೆದು ಸುತ್ತುತ್ತಾಳೆ. ತಾಯಿಯಿಲ್ಲದ ಆ ಹುಡುಗಿಗೆ ಜಡೆ ಹಾಕಿ ಬೆಳೆಸಿದ ಕೈಯಲ್ಲೇ ಅತ್ತಿಗೆ ಸುರುಳಿಯನ್ನೂ ಕಲಿಸಿದ್ದಳು. ಹೋದ ವರ್ಷದ ಹಬ್ಬದಲ್ಲಿ ಒಂದು ಟ್ರೇ ಪೂರ್ತಿ ಸೀದು ಹೋಯಿತು ನೋಡಿ, ಅಲ್ಲಿಗೆ ಎಲ್ಲ ಕೆಟ್ಟಿತು. "ತೆಗಿ ಅಂತ ಹೇಳಿದ್ದೆ" ಎಂದಳು ಅತ್ತಿಗೆ. "ಇನ್ನೂ ಸ್ವಲ್ಪ ಇರಲಿ ಅಂದಿದ್ದು ನೀವೇ" ಎಂದಳು ನಾದಿನಿ. ಅಂದಿನಿಂದ ಇಬ್ಬರೂ ಎಣ್ಣೆ ಸೀಗೆಕಾಯಿ. ಕೆಲಸ ಬಿಡಲಿಲ್ಲ, ಮಾತು ಮಾತ್ರ ಬಿಟ್ಟರು. ಹೇಳಬೇಕಾದದ್ದನ್ನೆಲ್ಲ ಒಲೆಗೆ ಹೇಳುತ್ತಿದ್ದರು. ಅತ್ತಿಗೆಯ ಗಂಡ ಗಡಿಯಾರಕ್ಕೆ ಕೀಲಿ ಕೊಡುವವನು. ಇವರಿಬ್ಬರ ನಡುವೆ ಸಿಕ್ಕಿಬೀಳುವುದು ಯಾಕೆಂದು ಅವನು ಊಟದ ಡಬ್ಬಿಯನ್ನೂ ಗೋಪುರಕ್ಕೇ ತರಿಸಿಕೊಳ್ಳುತ್ತಿದ್ದ.

ಕೊನೆಗೆ ನಾದಿನಿ ಬೇಕರಿಯ ನಡುವೆ ಗೋಡೆ ಎಬ್ಬಿಸುವುದೆಂದು ತೀರ್ಮಾನಿಸಿದಳು. ಅರ್ಧ ಅವಳಿಗೆ, ಅರ್ಧ ಇವಳಿಗೆ. ಅತ್ತಿಗೆ, "ಧಾರಾಳವಾಗಿ ಕಟ್ಟಿಸಲಿ" ಎಂದು ಒಲೆಗೆ ಹೇಳಿ, ಹಿಟ್ಟಿನ ಕೋಣೆಗೆ ಹೋಗಿ ಅತ್ತಳು. ಗೋಡೆ ಎದ್ದರೆ ತುದಿ ಹಿಡಿಯುವವರು ಯಾರು?

ಹಬ್ಬದ ದಿನ ಗಾರೆ ಮೇಸ್ತ್ರಿ ಇಟ್ಟಿಗೆ ಇಳಿಸಿಕೊಂಡು ಬಾಗಿಲಲ್ಲೇ ಕುಳಿತಿದ್ದ. ಗಿರಾಕಿಗಳು ತಮ್ಮ ತಮ್ಮ ಸುರುಳಿ ಹಿಡಿದು ಮನೆಗೆ ಹೋಗಿಯಾಗಿತ್ತು. ನಾದಿನಿ ತನ್ನ ಸುರುಳಿಯನ್ನು ಟ್ರೇಯಿಂದ ತೆಗೆದಳು.

"ಮೇಸ್ತ್ರಿಗಳೇ, ಅವರಿಗೆ ಹೇಳಿ. ಹೋದ ವರ್ಷದ ಗಳಿಗೇನ ನೆನೆಸ್ಕೊಂಡೇ ನಾದಿದ್ದೀನಿ. ಬಂದು ತಿನ್ನಲಿ. ಯಾರು ಏನಂದ್ರು ಅಂತ ಅವರ ಕಿವಿಯಲ್ಲೇ ಕೇಳಿಸ್ಕೊಳ್ಳಲಿ. ಆಮೇಲೆ ನೀವು ಗೋಡೆ ಶುರು ಮಾಡಿ."

"ಕೇಳಿಸ್ತಲ್ಲ ಅತ್ತಿಗೆ?" ಎಂದ ಮೇಸ್ತ್ರಿ.

ಅತ್ತಿಗೆ ಯಾರಿಗೂ ಹೇಳಿಕೊಳ್ಳಲಾರದ ಸಂಗತಿಯೆಂದರೆ, 'ಇರಲಿ' ಎಂದದ್ದು ತಾನೇ ಎಂದು ಅವಳಿಗೆ ಚೆನ್ನಾಗಿಯೇ ನೆನಪಿತ್ತು. ವರ್ಷಪೂರ್ತಿ ಸಾಧಿಸಿದ ಹಟವೆಲ್ಲ ಈಗ ನೀರುಪಾಲು. ಬರುವುದಿಲ್ಲ ಎಂದರೆ ಸೋತಂತೆ, ಬಂದರೂ ಸೋತಂತೆ. ಅಷ್ಟರಲ್ಲಿ ಗೋಪುರದಲ್ಲಿ ಗಂಡ ಗಂಟೆ ಹೊಡೆದ. ಗಡಿಯಾರ ನಿಂತಿತು. ಮೂತಿ ಬಿಗಿದುಕೊಂಡೇ ಇಬ್ಬರೂ ಸುರುಳಿ ಮುರಿದು ಬಾಯಿಗಿಟ್ಟರು.

ಕಣ್ಣು ಬಿಟ್ಟರೆ ಬೇಕರಿ ಅದೇ, ಆದರೆ ಗೋಡೆಗಳಿಗೆ ಹಳೆಯ ನೀಲಿ ಬಣ್ಣ. ಒಲೆಯ ಮುಂದೆ ಹೊಸ ಮದುಮಗಳೊಬ್ಬಳು ಕರ್ರಗೆ ಸೀದ ಟ್ರೇ ಹಿಡಿದು ನಿಂತಿದ್ದಾಳೆ. ಬೆಂಕಿಯ ಮುಂದೆ ಅವಳದು ಮೊದಲ ದಿನ. ಬಾಗಿಲಲ್ಲಿ ಮಾವನವರು.

"ಯಾರು ಸೀಯಿಸಿದ್ದು?"

ಹಿಟ್ಟಿನ ಮೂಟೆಯ ಹಿಂದಿನಿಂದ, ಮುಂದಿನ ಹಲ್ಲು ಬಿದ್ದ ಪುಟ್ಟ ಹುಡುಗಿಯೊಬ್ಬಳು ಓಡಿಬಂದು ಅಡ್ಡ ನಿಂತಳು. "ನಾನಪ್ಪ. ಅತ್ತಿಗೇನ ಬೈಬೇಡ."

"ಇಲ್ಲ ಮಾವ, ನಾನು. ಮಗೂನ ಏನೂ ಅನ್ಬೇಡಿ."

"ಅಲ್ಲ, ನಾನು!"

ಇಬ್ಬರೂ ನಾನು, ನಾನು ಎಂದು ಜಗಳಕ್ಕೇ ಬಿದ್ದರು. ಮಾವನವರು ನಕ್ಕು, ಒಂದು ಸುರುಳಿಯ ಕಪ್ಪನ್ನು ಕೆರೆದು, ಮೂವರಿಗೂ ಮುರಿದು ಕೊಟ್ಟರು.

ಇತ್ತ ಮೇಸ್ತ್ರಿಗೆ ಕಂಡದ್ದು ಇಷ್ಟೇ: ಇಬ್ಬರು ಹೆಂಗಸರು ಬಾಯಲ್ಲಿ ತುತ್ತಿಟ್ಟುಕೊಂಡು ಒಲೆಯ ಮುಂದೆ ಗೊಂಬೆಗಳಂತೆ ನಿಂತಿದ್ದರು. ಗಡಿಯಾರ ಮತ್ತೆ ಟಿಕ್ ಎಂದಾಗ ಇಬ್ಬರ ಕೆನ್ನೆಯೂ ಒದ್ದೆ.

"ಸೀದ ಟ್ರೇ ಅಂತಲೇ ನೆನೆಸ್ಕೊಂಡಿದ್ದೆ" ಎಂದಳು ನಾದಿನಿ ಒಲೆಯ ಕಡೆಗೆ ನೋಡುತ್ತ. "ಮನಸ್ಸು ಯಾವುದೋ ಟ್ರೇ ಹತ್ರ ಹೋಗ್ಬಿಟ್ಟಿದೆ."

ಅತ್ತಿಗೆ ಈ ಸಲ ಒಲೆಗೆ ಹೇಳಲಿಲ್ಲ. "ಹೋದ ವರ್ಷ 'ಇರಲಿ' ಅಂದಿದ್ದು ನಾನೇ ಕಣೇ. ಸುಳ್ಳು ಹೇಳಿದ್ದೆ. ತಪ್ಪು ನಂದು."

"ಸೀದ ವಾಸನೆ ನನಗೂ ಬಂದಿತ್ತು. ಬೇಕಂತಲೇ ಸುಮ್ಮನಿದ್ದೆ. ತಪ್ಪು ನಂದೇ."

"ನಿಂದೇನೂ ಅಲ್ಲ, ಸುಮ್ನಿರು."

"ನೀವು ಸುಮ್ನಿರಿ."

ಜಗಳ ಮತ್ತೆ ಕಾವೇರಿತು. ಮೇಸ್ತ್ರಿ ತಲೆ ಕೆರೆದುಕೊಂಡ. "ನಾನು ಗೋಡೆ ಎಲ್ಲಿಂದ ಶುರು ಮಾಡ್ಲಿ?"

"ಗೋಡೆ ಬೇಡ. ಒಲೆ ಹಿಂದುಗಡೆ ಬಿರುಕು ಬಿಟ್ಟಿದೆ, ಆ ಇಟ್ಟಿಗೇನ ಅಲ್ಲಿಗೆ ಹಾಕಿ" ಎಂದು ನಾದಿನಿ ಅತ್ತಿಗೆಯ ಕಡೆಗೆ ತಿರುಗಿದಳು. "ಏನಂತೀರಿ, ಅತ್ತಿಗೆ?"

ವರ್ಷವಿಡೀ ಬೀದಿಗೆ ಬೀದಿಯೇ ಅವಳನ್ನು ಹಾಗೆ ಕರೆದಿತ್ತು. ಆದರೂ ಅತ್ತಿಗೆಗೆ ಇದು ಹೊಸದಾಗಿ ಕೇಳಿಸಿತು. ಹಿಟ್ಟಿನ ಕೈಯಲ್ಲೇ ಕಣ್ಣೊರೆಸಿಕೊಂಡು, ಉಳಿದಿದ್ದ ಹಿಟ್ಟನ್ನು ಮೇಜಿನ ಮೇಲೆ ಎಳೆದುಕೊಂಡಳು.

"ಅನ್ನೋದೇನು, ಬಾ. ತುದಿ ಹಿಡಿ."