ಗದ್ದ ಕೆಳಗೆ

ನನಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ. ಆದರೂ ಎಪ್ಪತ್ತು ದಾಟಿದ ಮನುಷ್ಯರ ಮೇಲೆ ಹಾಗೆ ರೇಗಾಡಬಾರದಿತ್ತು.

ರಾಂಚೊ ಬರ್ನಾರ್ಡೊದ ನಮ್ಮ ಪಕ್ಕದ ಮನೆಯ ಜಪಾನಿ ಅಂಕಲ್ ತಮ್ಮ ದೇಶದಲ್ಲಿ ಸಿನಿಮಾ ನಟರಾಗಿದ್ದವರು. ಎಲ್ಲವೂ ರಾಕ್ಷಸ ಮೃಗಗಳ ಚಿತ್ರಗಳೇ. ರಬ್ಬರಿನ ವೇಷದೊಳಗೆ ಹೊಕ್ಕು ರಟ್ಟಿನ ಊರುಗಳನ್ನು ತುಳಿಯುವುದು ಅವರ ಕೆಲಸ. ಅವರ ಮುಖ ಒಂದು ಸಲವೂ ತೆರೆಯ ಮೇಲೆ ಬಂದಿರಲಿಲ್ಲ. ಪುಟ್ಟ ಮಗಳನ್ನು ಥಿಯೇಟರಿಗೆ ಕರೆದೊಯ್ದು "ಅದು ನಾನೇ" ಎಂದರೆ ಅವಳೂ ನಂಬಲಿಲ್ಲವಂತೆ.

ಲಾಕ್‌ಡೌನ್ ವರ್ಷ ಲಾಸ್ ಏಂಜಲೀಸಿನ ಒಂದು ಸಣ್ಣ ಚಿತ್ರಕ್ಕೆ ಅಜ್ಜನ ಪಾತ್ರಧಾರಿ ಬೇಕಾಗಿತ್ತು. ಆಯ್ಕೆಗಾಗಿ ಒಂದು ದೃಶ್ಯವನ್ನು ಮನೆಯಲ್ಲೇ ವಿಡಿಯೊ ಮಾಡಿ ಭಾನುವಾರದೊಳಗೆ ಕಳಿಸಬೇಕು. "ಮುಖ ಇರೋ ಪಾತ್ರ. ಇದೊಂದು ಸಿಕ್ಕಿದ್ರೆ ಸಾಕು," ಎಂದರು ಅಂಕಲ್. ನಮ್ಮಿಬ್ಬರದು ಇಂಗ್ಲಿಷ್ ಮಾತು. ಇಲ್ಲಿ ಕನ್ನಡದಲ್ಲಿ ಬರೆಯುತ್ತಿದ್ದೇನೆ. "ಅದಕ್ಕೇನಂತೆ, ನಾನ್ ಶೂಟ್ ಮಾಡ್ತೀನಿ ಬನ್ನಿ," ಎಂದೆ, ದೊಡ್ಡ ನಿರ್ದೇಶಕಿಯ ಹಾಗೆ.

ನಮ್ಮ ಗರಾಜಿನಲ್ಲಿ, ಬಾಗಿಲು ತೆರೆದಿಟ್ಟು, ಹನ್ನೊಂದು ಟೇಕ್. ಮೊಮ್ಮಗಳನ್ನು ಬೀಳ್ಕೊಡುವ ದೃಶ್ಯ. ಪ್ರತಿ ಸಲವೂ ಅಂಕಲ್ ಗದ್ದ ಎತ್ತಿ ಚಾವಣಿ ನೋಡುತ್ತಿದ್ದರು. "ಅಲ್ಲೇನಿದೆ ಅಂಕಲ್, ಹಲ್ಲಿನಾ? ಕ್ಯಾಮೆರಾ ಇಲ್ಲಿದೆ!" ಎಂದು ಕೂಗಿಬಿಟ್ಟೆ. ಅವರು ಪೆಚ್ಚಾದರು. ಆಮೇಲೆ ಮೆಲ್ಲಗೆ ಹೇಳಿದರು: ಮೃಗದ ತಲೆ ಅವರ ತಲೆಗಿಂತ ಮೇಲಿರುತ್ತದೆ, ಅವರು ನೋಡುವುದು ಅದರ ಕುತ್ತಿಗೆಯ ತೂತಿನಿಂದ, ಅದು ತಲೆ ಎತ್ತಬೇಕಾದರೆ ಒಳಗಿದ್ದವರು ಗದ್ದ ಎತ್ತಲೇಬೇಕು. ಮೈಗೆ ಹತ್ತಿದ ಅಭ್ಯಾಸ.

ನನಗೆ ನಾಚಿಕೆಯಾಯಿತು. ವಿಮಾನಗಳಿಲ್ಲದೆ ನಮ್ಮಲ್ಲೇ ಸಿಕ್ಕಿಬಿದ್ದಿದ್ದ ಅಮ್ಮ ಬಟಾಣಿ ಬಿಡಿಸುತ್ತ ಎಲ್ಲವನ್ನೂ ನೋಡುತ್ತಿದ್ದಳು. "ಸುಮ್ನಿರೇ, ಮೈಮೇಲೆ ಬಂದೋಳ ಥರ ಕಿರುಚ್ಬೇಡ," ಎಂದು ನನ್ನನ್ನು ಗದರಿಸಿ, ಸ್ಟೂಲ್ ಎಳೆದುಕೊಂಡು, ಶೂಟ್ ಮಾಡುತ್ತಿದ್ದ ಫೋನಿನ ಕೆಳಗೇ ಕುಳಿತಳು. "ನನ್ನನ್ನ ನೋಡ್ಕೊಂಡು ಹೇಳಿ. ಗದ್ದ ಕೆಳಗೆ," ಎಂದು ಕನ್ನಡದಲ್ಲೇ ಹೇಳಿ ತನ್ನ ಗದ್ದ ಮುಟ್ಟಿ ತೋರಿಸಿದಳು. ಅಂಕಲ್ ಅವಳನ್ನೇ ನೋಡಿದರು. "ಹುಷಾರಾಗಿ ಹೋಗಿ ಬಾ" ಎಂಬ ಒಂದೇ ಮಾತು ಹೇಳಿದರು. ಇಂಗ್ಲಿಷ್ ಬಾರದ ಅಮ್ಮನ ಕಣ್ಣು ತುಂಬಿತು, ನನಗೂ ತಡೆಯಲಾಗಲಿಲ್ಲ. ಆ ಟೇಕನ್ನೇ ಕಳಿಸಿದೆವು.

ಪಾತ್ರ ಸಿಕ್ಕಿತು! ಎರಡು ವರ್ಷದ ಮೇಲೆ ಲಾಸ್ ಏಂಜಲೀಸ್ ಪಕ್ಕದ ಕಲ್ವರ್ ಸಿಟಿಯಲ್ಲಿ ಪ್ರದರ್ಶನ. ಅಮ್ಮ ಅಷ್ಟರಲ್ಲಿ ಮೈಸೂರಿಗೆ ಮರಳಿದ್ದಳು. ಅಂಕಲ್‌ರನ್ನು ನಾನೇ ಕಾರಿನಲ್ಲಿ ಕರೆದೊಯ್ದೆ. ತೆರೆಯ ಮೇಲೆ ಅವರ ಮುಖ ನಾಲ್ಕು ನಿಮಿಷ ಇತ್ತು, ಸುಕ್ಕು ಸುಕ್ಕಾಗಿ, ಗೋಡೆಯಷ್ಟು ದೊಡ್ಡದಾಗಿ. ಮುಗಿದ ಮೇಲೆ ಜನ ಅವರ ಪಕ್ಕದಲ್ಲೇ ಹಾದುಹೋದರು, ಒಬ್ಬರೂ ತಿರುಗಿ ನೋಡಲಿಲ್ಲ. ನನಗೆ ರೇಗಿತು. "ಅಯ್ಯೋ ಅಂಕಲ್, ಮೊದ್ಲು ಆ ಮಾಸ್ಕ್ ತೆಗೀರಿ!"

ತೆಗೆದರು. ಒಬ್ಬ ಹೆಂಗಸು ಗಕ್ಕನೆ ನಿಂತು, "ನೀವು ಆ ಅಜ್ಜ ಅಲ್ವಾ?" ಎಂದು ಕೇಳಿ, ಒಂದು ಫೋಟೊ ಬೇಕೆಂದಳು. ನಾನು ಫೋನ್ ಎತ್ತಿದೆ. ಅಂಕಲ್‌ರ ಗದ್ದ ತಾನಾಗಿ ಮೇಲೆ ಹೋಯಿತು. ನಾನು ಬಾಯಿ ತೆರೆಯುವ ಮೊದಲೇ, "ಗದ್ದ ಕೆಳಗೆ," ಎಂದು ಅಚ್ಚ ಕನ್ನಡದಲ್ಲಿ ತಮಗೆ ತಾವೇ ಹೇಳಿಕೊಂಡು ಇಳಿಸಿದರು.

"ಇದನ್ನ ನಿಮ್ಮಮ್ಮಂಗೆ ಕಳಿಸಮ್ಮ," ಎಂದರು ಆಮೇಲೆ. "ನಂಗೂ ಕಳಿಸು. ಮಗಳಿಗೆ ತೋರಿಸ್ಬೇಕು."